ಲಾರ್ಡ್ ರಾಥ್‌ಚೈಲ್ಡ್: ಬಿರುದಿನ ದಾರಿ ಬೇರೆ, ಬ್ಯಾಂಕಿನ ದಾರಿ ಬೇರೆ

ಪ್ರಶ್ನೆ: ವಾಟರ್‌ಲೂ ಯುದ್ಧದ ಸುದ್ದಿ ಎಲ್ಲರಿಗಿಂತ ಮೊದಲು ಗೊತ್ತಾಗಿ ರಾಥ್‌ಚೈಲ್ಡ್ ಮನೆತನದವರು ಒಂದೇ ದಿನದಲ್ಲಿ ಕೋಟ್ಯಧೀಶರಾದರು, ಆ ದುಡ್ಡು ಸುರಿದು ವಿಕ್ಟೋರಿಯಾ ರಾಣಿಯಿಂದ ‘ಲಾರ್ಡ್’ ಪಟ್ಟ ಕೊಂಡುಕೊಂಡರು ಎಂಬ ಸಂದೇಶ ನಮ್ಮ ವಾಟ್ಸ್ಆ್ಯಪ್ ಗುಂಪಿನಲ್ಲಿ ಬಂದಿದೆ. ಇದು ನಿಜವೇ? ಒಂದು ಕಡೆ ‘ಬ್ಯಾರನ್’ ಎನ್ನುತ್ತಾರೆ, ಒಂದು ಕಡೆ ‘ಸರ್’, ಇನ್ನೊಂದು ಕಡೆ ‘ಲಾರ್ಡ್’. ಎಲ್ಲವೂ ಒಂದೇನಾ? ನಮ್ಮ ವಿಶ್ವೇಶ್ವರಯ್ಯನವರೂ ‘ಸರ್’ ಆಗಿದ್ದರಲ್ಲ, ಅದು ಅವರೊಂದಿಗೇ ಮುಗಿಯಿತು. ಇವರದ್ದು ಮಾತ್ರ ಮಕ್ಕಳು ಮೊಮ್ಮಕ್ಕಳಿಗೆ ಹೇಗೆ ಬರುತ್ತದೆ? ಈಗ ಆ ಬಿರುದು ಇರುವವರೇ ಬ್ಯಾಂಕಿನ ಯಜಮಾನರೇ?

ಉತ್ತರ: ಮೊದಲು ಆ ವಾಟ್ಸ್ಆ್ಯಪ್ ಸಂದೇಶದ ಲೆಕ್ಕ ಚುಕ್ತಾ ಮಾಡಿಬಿಡೋಣ. ನೆಪೋಲಿಯನ್ ಸೋತ ವಾಟರ್‌ಲೂ ಯುದ್ಧ ನಡೆದದ್ದು 1815ರಲ್ಲಿ. ವಿಕ್ಟೋರಿಯಾ ಹುಟ್ಟಿದ್ದು 1819ರಲ್ಲಿ. ರಾಥ್‌ಚೈಲ್ಡ್ ಮನೆತನಕ್ಕೆ ಲಾರ್ಡ್ ಪಟ್ಟ ಬಂದದ್ದು 1885ರಲ್ಲಿ. ಯುದ್ಧಕ್ಕೂ ಪಟ್ಟಕ್ಕೂ ನಡುವೆ ಎಪ್ಪತ್ತು ವರ್ಷ, ಮೂರು ತಲೆಮಾರು. ಕೊಂಡುಕೊಂಡ ಮಾಲಿಗೆ ಯಾರೂ ಎಪ್ಪತ್ತು ವರ್ಷ ಕಾಯುವುದಿಲ್ಲ.

ಆ ಕಥೆಯ ಮೂಲ 1846ರಲ್ಲಿ ಪ್ಯಾರಿಸ್ಸಿನಲ್ಲಿ ಹಂಚಿಕೆಯಾದ ಒಂದು ಯೆಹೂದಿದ್ವೇಷಿ ಕರಪತ್ರ. ಲಂಡನ್ನಿನ ನೇಥನ್ ರಾಥ್‌ಚೈಲ್ಡ್ ತೀರಿಕೊಂಡು ಆಗಲೇ ಹತ್ತು ವರ್ಷವಾಗಿತ್ತು, ಅಲ್ಲಗಳೆಯಲು ಆತ ಇರಲಿಲ್ಲ. ಆ ಕರಪತ್ರದಲ್ಲಿ ಆತ ಖುದ್ದು ರಣರಂಗದಲ್ಲೇ ನಿಂತು ನೋಡಿ, ಬಿರುಗಾಳಿಯಲ್ಲಿ ಕಡಲು ದಾಟಿ ಬಂದು ಷೇರುಪೇಟೆ ದೋಚಿದನಂತೆ. ನೇಥನ್ ನಿಜವಾಗಿ ಮಾಡಿದ ಕೆಲಸ ಬೇರೆ, ನನ್ನ ಮಟ್ಟಿಗೆ ಅದೇ ಹೆಚ್ಚು ಸ್ವಾರಸ್ಯದ್ದು. 1814ರಿಂದ ಬ್ರಿಟಿಷ್ ಸರ್ಕಾರದ ಪರವಾಗಿ ಯುರೋಪಿನ ಊರೂರುಗಳಲ್ಲಿ ಚಿನ್ನದ ನಾಣ್ಯ ಒಟ್ಟುಮಾಡಿ ಬ್ರಿಟಿಷ್ ಸೇನಾಪತಿ ವೆಲಿಂಗ್ಟನ್ನನ ಸೈನ್ಯಕ್ಕೆ ತಲುಪಿಸುವುದು ಆತನ ಗುತ್ತಿಗೆಯಾಗಿತ್ತು. ಸಂಬಳವಿಲ್ಲದೆ ಸೈನಿಕ ನಡೆಯುವುದಿಲ್ಲ, ಲಂಡನ್ನಿನ ಕಾಗದದ ನೋಟನ್ನು ಫ್ರಾನ್ಸಿನ ಹಳ್ಳಿಯವನು ಮುಟ್ಟುವುದಿಲ್ಲ. ಯುದ್ಧ ಇನ್ನೂ ಬಹಳ ದಿನ ನಡೆಯುತ್ತದೆಂದು ನಂಬಿ ಚಿನ್ನ ಕೂಡಿಟ್ಟಿದ್ದವನಿಗೆ ವಾಟರ್‌ಲೂ ಅಷ್ಟು ಬೇಗ ಮುಗಿದದ್ದು ಲಾಭಕ್ಕಿಂತ ಇಕ್ಕಟ್ಟನ್ನೇ ತಂದಿಟ್ಟಿತು ಎಂದು ದಾಖಲೆಗಳನ್ನು ಜಾಲಾಡಿದ ಇತಿಹಾಸಕಾರರು ಹೇಳುತ್ತಾರೆ.

ಇನ್ನು ಬಿರುದಿನ ಮಾತು. ‘ಬ್ಯಾರನ್’, ‘ಸರ್’, ‘ಲಾರ್ಡ್’ ಒಂದೇ ಅಲ್ಲ. ಈ ಮನೆತನಕ್ಕೆ ಬಂದದ್ದು ಮೂರು ಬೇರೆ ಬೇರೆ ಗೌರವ, ಮೂರಕ್ಕೂ ಕಾನೂನು ಬೇರೆ.

ಮೊದಲನೆಯದು ಆಸ್ಟ್ರಿಯದ್ದು. ಮನೆತನದ ಮೂಲ ಜರ್ಮನಿಯ ಫ್ರಾಂಕ್‌ಫರ್ಟಿನ ಯೆಹೂದಿ ಓಣಿ. ಅಲ್ಲಿನ ಮನೆಗಳಿಗೆ ನಂಬರು ಇರಲಿಲ್ಲ, ಬಾಗಿಲ ಮೇಲೆ ಗುರುತಿನ ಫಲಕ ಇರುತ್ತಿತ್ತು. ಕೆಂಪು ಫಲಕದ ಮನೆಯವರು ಎಂಬುದೇ ‘ರೋಟ್‌ಶಿಲ್ಟ್’, ನಾವು ಇಂಗ್ಲಿಷಿನ ಬಾಯಲ್ಲಿ ರಾಥ್‌ಚೈಲ್ಡ್ ಎನ್ನುವುದು. ಬಡಗುಮನೆ, ಹೊಸಮನೆ ಎಂದು ಮನೆಯೇ ಅಡ್ಡಹೆಸರಾಗುವುದು ನಮಗೇನು ಹೊಸದಲ್ಲ. ಆ ಓಣಿಯ ಮೇಯರ್ ಆಮ್ಷೆಲ್ ಎಂಬ ಸಾಹುಕಾರನಿಗೆ ಐವರು ಗಂಡುಮಕ್ಕಳು. ಒಬ್ಬ ಫ್ರಾಂಕ್‌ಫರ್ಟಿನಲ್ಲೇ ಉಳಿದ, ಉಳಿದವರು ವಿಯೆನ್ನಾ, ಲಂಡನ್, ನೇಪಲ್ಸ್, ಪ್ಯಾರಿಸ್ಸುಗಳಲ್ಲಿ ಅಂಗಡಿ ಇಟ್ಟರು, ಲಂಡನ್ನಿಗೆ ಹೋದವನೇ ನೇಥನ್. 1822ರಲ್ಲಿ ಆಸ್ಟ್ರಿಯದ ಚಕ್ರವರ್ತಿ ಐವರಿಗೂ ಬ್ಯಾರನ್ ಬಿರುದು ಕೊಟ್ಟ. ಅವರ ಲಾಂಛನದಲ್ಲಿ ಮುಷ್ಟಿಯಲ್ಲಿ ಹಿಡಿದ ಐದು ಬಾಣಗಳಿರುವುದು ಇದೇ ಐವರ ಗುರುತು. ಆ ಬಿರುದಿನ ಸ್ವಭಾವ ಗಮನಿಸಿ: ಅದು ಗಂಡು ಸಂತತಿಯವರಿಗೆಲ್ಲ ಏಕಕಾಲಕ್ಕೆ ಸೇರುತ್ತದೆ, ಅಣ್ಣನೂ ಬ್ಯಾರನ್, ತಮ್ಮನೂ ಬ್ಯಾರನ್. ಹಾಗಾಗಿಯೇ ಯುರೋಪಿನ ಪತ್ರಿಕೆಗಳಲ್ಲಿ ಬ್ಯಾರನ್ ರಾಥ್‌ಚೈಲ್ಡ್‌ಗಳು ಡಜನ್ ಲೆಕ್ಕದಲ್ಲಿ ಸಿಗುತ್ತಾರೆ. ಲಂಡನ್ನಿನ ನೇಥನ್ ಈ ಬಿರುದನ್ನು ಬಳಸಲೇ ಇಲ್ಲ. ಆತನ ಮಕ್ಕಳು ಬಳಸಿದರು, 1838ರಲ್ಲಿ ವಿಕ್ಟೋರಿಯಾ ರಾಣಿಯ ಅಪ್ಪಣೆ ಪಡೆದೇ ಬಳಸಿದರು. ಆದರೆ ಬ್ರಿಟನ್ನಿನಲ್ಲಿ ಅದು ಮರ್ಯಾದೆಯ ಮಾತಷ್ಟೇ. ಪಾರ್ಲಿಮೆಂಟಿನ ಮೇಲ್ಮನೆಯಾದ ಲಾರ್ಡ್ಸ್ ಸಭೆಯಲ್ಲಿ ಅದಕ್ಕೆ ಒಂದು ಸ್ಟೂಲೂ ಸಿಗುತ್ತಿರಲಿಲ್ಲ.

ಎರಡನೆಯದು ‘ಬ್ಯಾರೊನೆಟ್’. ಕೇಳಲು ಬ್ಯಾರನ್ನಿನ ತಮ್ಮನ ಹಾಗಿದ್ದರೂ ಇದು ಬೇರೆ ವರ್ಗ. ಹೆಸರಿನ ಹಿಂದೆ ‘ಸರ್’ ಬರುತ್ತದೆ, ಮಗನಿಗೂ ಇಳಿಯುತ್ತದೆ, ಆದರೆ ಲಾರ್ಡ್ಸ್ ಸಭೆಗೆ ಪ್ರವೇಶವಿಲ್ಲ. ನಿಮ್ಮ ವಿಶ್ವೇಶ್ವರಯ್ಯನವರ ಪ್ರಶ್ನೆಗೆ ಉತ್ತರ ಇಲ್ಲಿದೆ. 1915ರಲ್ಲಿ ಅವರಿಗೆ ಬಂದ ಕೆ.ಸಿ.ಐ.ಇ. ನೈಟ್ ಪದವಿ, ವ್ಯಕ್ತಿಗೆ ಕೊಟ್ಟದ್ದು, ವ್ಯಕ್ತಿಯೊಂದಿಗೇ ಮುಗಿಯುವಂಥದ್ದು. ಮೈಸೂರು ಅರಮನೆ ಕೊಡುತ್ತಿದ್ದ ರಾಜಸೇವಾಸಕ್ತ, ರಾಜಸಭಾಭೂಷಣಗಳೂ ಹಾಗೆಯೇ, ಅಪ್ಪನ ಬಿರುದನ್ನು ಮಗ ಹಾಕಿಕೊಳ್ಳುವಂತಿರಲಿಲ್ಲ. ಬ್ಯಾರೊನೆಟ್‌ನ ‘ಸರ್’ ಮಾತ್ರ ಆಸ್ತಿಯ ಹಾಗೆ ಕೆಳಗಿಳಿಯುತ್ತದೆ. ಭಾರತದಲ್ಲಿ ಈ ಬಗೆಯ ‘ಸರ್’ ಪಡೆದವರೂ ಇದ್ದಾರೆ, ಮುಂಬೈಯ ಜಮಶೇಟ್‌ಜಿ ಜೀಜೀಭಾಯ್ ಅವರಿಗೆ 1857ರಲ್ಲಿ ಸಿಕ್ಕಿತ್ತು.

ರಾಥ್‌ಚೈಲ್ಡ್ ಮನೆಗೆ ಬ್ಯಾರೊನೆಟ್ ಬಂದ ಬಗೆ ಚೆನ್ನಾಗಿದೆ. ಅದನ್ನು ಕೊಡಹೊರಟದ್ದು ನೇಥನ್ನನ ಹಿರಿಮಗ ಲಿಯೊನೆಲ್‌ಗೆ. ಆತ ಬೇಡವೆಂದ. ಆತನ ಕಣ್ಣು ಪಾರ್ಲಿಮೆಂಟಿನ ಮೇಲಿತ್ತು, ಇಂಥ ಅರ್ಧಂಬರ್ಧ ಸಮಾಧಾನ ಬೇಕಿರಲಿಲ್ಲ. ಹಾಗಾಗಿ 1847ರಲ್ಲಿ ಅದು ತಮ್ಮ ಆ್ಯಂಟನಿಗೆ ಹೋಯಿತು. ಆ್ಯಂಟನಿಗೆ ಇದ್ದವರು ಇಬ್ಬರು ಹೆಣ್ಣುಮಕ್ಕಳು, ಅವರಿಗೆ ಅದು ಇಳಿಯುವಂತಿಲ್ಲ. ಅದಕ್ಕೇ ಸನ್ನದಿನಲ್ಲೇ ಒಂದು ವಿಶೇಷ ಷರತ್ತು ಬರೆಸಿದರು: ಆ್ಯಂಟನಿಗೆ ಗಂಡು ಸಂತಾನವಿಲ್ಲದಿದ್ದರೆ ಅಣ್ಣ ಲಿಯೊನೆಲ್‌ನ ಗಂಡುಮಕ್ಕಳಿಗೆ. ಅಪ್ಪ ಬೇಡವೆಂದದ್ದು ಚಿಕ್ಕಪ್ಪನ ಮನೆ ಸುತ್ತಿ ಮಗನಿಗೆ ಬಂತು. 1876ರಲ್ಲಿ ಆ್ಯಂಟನಿ ತೀರಿಕೊಂಡಾಗ ಲಿಯೊನೆಲ್‌ನ ಮಗ ನೆಥಾನಿಯಲ್ ‘ಸರ್ ನೆಥಾನಿಯಲ್’ ಆದ. ಮನೆಯಲ್ಲಿ ಕರೆಯುತ್ತಿದ್ದದ್ದು ನ್ಯಾಟಿ ಎಂದು.

ಲಿಯೊನೆಲ್‌ಗೆ ಪಾರ್ಲಿಮೆಂಟೇ ಏಕೆ ಬೇಕಿತ್ತು? 1847ರಲ್ಲಿ ಲಂಡನ್ ಸಿಟಿ ಕ್ಷೇತ್ರದಿಂದ ಕೆಳಮನೆಯಾದ ಕಾಮನ್ಸ್ ಸಭೆಗೆ ಆರಿಸಿ ಬಂದ. ಆದರೆ ಕೂರಬೇಕಾದರೆ ಪ್ರಮಾಣವಚನ ಸ್ವೀಕರಿಸಬೇಕು, ಅದರಲ್ಲಿ ‘ಕ್ರೈಸ್ತನೊಬ್ಬನ ನಿಜವಾದ ನಂಬಿಕೆಯ ಮೇಲೆ’ ಎಂಬ ಮಾತಿದೆ. ಯೆಹೂದಿಯಾಗಿ ಆ ಮಾತು ಹೇಳಲು ಆತ ಒಪ್ಪಲಿಲ್ಲ. ಮತ್ತೆ ಚುನಾವಣೆ, ಮತ್ತೆ ಗೆಲುವು, ಮತ್ತೆ ಬಾಗಿಲಲ್ಲೇ ತಡೆ. 1850ರಲ್ಲಿ ಒಮ್ಮೆ ಮೇಜಿನವರೆಗೂ ಹೋದ, ಹೀಬ್ರೂ ಧರ್ಮಗ್ರಂಥ ಕೇಳಿ ಪಡೆದ, ತಲೆಯ ಮೇಲೆ ಟೋಪಿ ಇಟ್ಟುಕೊಂಡ, ಆ ಒಂದು ವಾಕ್ಯಕ್ಕೆ ಬಂದಾಗ ಬಿಟ್ಟುಬಿಟ್ಟ. ಹೊರಗೆ ಹೋಗು ಎಂದರು, ಹೋದ. ಕಾಮನ್ಸ್ ಸಭೆ ಕಾನೂನು ಬದಲಿಸಲು ಮಸೂದೆ ಕಳಿಸಿದಾಗಲೆಲ್ಲ ಲಾರ್ಡ್ಸ್ ಸಭೆ ತಳ್ಳಿಹಾಕುತ್ತಿತ್ತು. ಕೊನೆಗೆ 1858ರಲ್ಲಿ ಒಂದು ರಾಜಿಯಾಯಿತು, ಪ್ರಮಾಣದ ವಿಷಯ ಆಯಾ ಸಭೆಯೇ ತೀರ್ಮಾನಿಸಿಕೊಳ್ಳಲಿ ಎಂದು. ಆ ವರ್ಷದ ಜುಲೈ 26ರಂದು ಲಿಯೊನೆಲ್ ಒಳಗೆ ಕೂತ. ಹನ್ನೊಂದು ವರ್ಷ ಬಾಗಿಲು ಬಡಿದವನು ಒಳಗೆ ಹೋದ ಮೇಲೆ ಒಂದೇ ಒಂದು ಭಾಷಣವನ್ನೂ ಮಾಡಲಿಲ್ಲ. ಇದನ್ನು ಕೆಲವರು ಗೇಲಿ ಮಾಡುತ್ತಾರೆ. ನನಗೆ ಹಾಗನ್ನಿಸುವುದಿಲ್ಲ, ಕೂರುವ ಹಕ್ಕೇ ಆತನ ಭಾಷಣವಾಗಿತ್ತು.

ಈಗ ಮೂರನೆಯದು, ನೀವು ಕೇಳಿದ ಲಾರ್ಡ್ ಪಟ್ಟ. 1869ರಲ್ಲಿ ಪ್ರಧಾನಿ ಗ್ಲಾಡ್‌ಸ್ಟನ್ ಲಿಯೊನೆಲ್ ಹೆಸರನ್ನು ರಾಣಿಯ ಮುಂದಿಟ್ಟ. ರಾಣಿ ಒಪ್ಪಲಿಲ್ಲ. ಯೆಹೂದಿಯೊಬ್ಬನನ್ನು ಲಾರ್ಡ್ ಮಾಡಲು ತನ್ನಿಂದಾಗದು ಎಂದಳು. ಅದರ ಜತೆಗೆ ಇನ್ನೊಂದು ಕಾರಣವನ್ನೂ ಕೊಟ್ಟಳು: ಪರದೇಶದ ಸರ್ಕಾರಗಳಿಗೆ ಸಾಲ ಕೊಟ್ಟು, ಷೇರುಪೇಟೆಯಲ್ಲಿ ಸಟ್ಟಾ ಆಡಿ ಮಾಡಿದ ಸಂಪತ್ತು ಎಷ್ಟು ದೊಡ್ಡ ಮೊತ್ತದ್ದಾದರೂ ಒಂದು ಬಗೆಯ ಜೂಜೇ. ಎರಡನೆಯ ಕಾರಣ ನೆಪ ಎಂದೇ ನನ್ನ ಅಭಿಪ್ರಾಯ. ಬ್ಯಾಂಕಿನವರು ಆ ಹೊತ್ತಿಗಾಗಲೇ ಲಾರ್ಡ್ಸ್ ಸಭೆಯಲ್ಲಿ ಕೂತಿದ್ದರು. ನಾಟಿಂಗ್‌ಹ್ಯಾಮಿನ ಬ್ಯಾಂಕರ್ ರಾಬರ್ಟ್ ಸ್ಮಿತ್ 1790ರ ದಶಕದಲ್ಲೇ ಲಾರ್ಡ್ ಕ್ಯಾರಿಂಗ್ಟನ್ ಆಗಿದ್ದ. ಬೇರಿಂಗ್ ಬ್ಯಾಂಕಿನ ಅಲೆಕ್ಸಾಂಡರ್ ಬೇರಿಂಗ್ 1835ರಲ್ಲಿ ಲಾರ್ಡ್ ಆ್ಯಶ್‌ಬರ್ಟನ್ ಆದ, ಅವನೂ ಪರದೇಶಗಳಿಗೆ ಸಾಲ ಎತ್ತಿಕೊಟ್ಟವನೇ. ಬೇರಿಂಗ್‌ಗಳಿಗೆ ಜೂಜು ಅನ್ನಿಸದ್ದು ರಾಥ್‌ಚೈಲ್ಡ್‌ಗಳ ಕೈಯಲ್ಲಿ ಜೂಜಾಯಿತು.

ಬೇರಿಂಗ್ ಮನೆತನದ ಮಾತು ಬಂದದ್ದರಿಂದ ಹೇಳುತ್ತೇನೆ, ಬಿರುದುಗಳ ಎಣಿಕೆಯಲ್ಲಿ ರಾಥ್‌ಚೈಲ್ಡ್‌ಗಳು ಅವರ ಹತ್ತಿರವೂ ಸುಳಿಯಲಾರರು. ಆ್ಯಶ್‌ಬರ್ಟನ್, ನಾರ್ತ್‌ಬ್ರೂಕ್, ರೆವೆಲ್‌ಸ್ಟೋಕ್, ಕ್ರೋಮರ್, ಹೊವಿಕ್ ಎಂದು ಒಂದೇ ಕುಟುಂಬದಲ್ಲಿ ಐದು ಬೇರೆ ಬೇರೆ ಲಾರ್ಡ್ ಪಟ್ಟಗಳು. ಇದರಲ್ಲಿ ನಾರ್ತ್‌ಬ್ರೂಕ್ ನಮ್ಮವರಿಗೆ ಪರಿಚಯದ ಹೆಸರು, 1872ರಿಂದ 1876ರವರೆಗೆ ಭಾರತದ ವೈಸ್‌ರಾಯ್ ಆಗಿದ್ದಾತ. ಆಗ ಮೈಸೂರು ಸಂಸ್ಥಾನ ಇನ್ನೂ ಕಮಿಷನರ್ ಆಡಳಿತದಲ್ಲಿತ್ತು, ಚಾಮರಾಜೇಂದ್ರ ಒಡೆಯರು ಬಾಲಕರು.

ಮತ್ತೆ ಲಿಯೊನೆಲ್. 1875ರ ನವೆಂಬರಿನಲ್ಲಿ ಈಜಿಪ್ಟಿನ ದೊರೆ ಸಾಲದಲ್ಲಿ ಮುಳುಗಿ ಸೂಯೆಜ್ ಕಾಲುವೆಯ ತನ್ನ ಷೇರುಗಳನ್ನು ಮಾರಲು ನಿಂತ. ಪ್ರಧಾನಿ ಡಿಸ್ರೇಲಿಗೆ ಅವು ಬೇಕೇ ಬೇಕು, ಭಾರತಕ್ಕೆ ಹೋಗುವ ಹಡಗಿನ ದಾರಿ ಅದು. ಪಾರ್ಲಿಮೆಂಟ್ ಅಧಿವೇಶನ ಇಲ್ಲ, ಖಜಾನೆಯಿಂದ ತೆಗೆಯುವಂತಿಲ್ಲ, ಬೇಕಾದದ್ದು 40 ಲಕ್ಷ ಪೌಂಡ್. ಡಿಸ್ರೇಲಿ ತನ್ನ ಕಾರ್ಯದರ್ಶಿಯನ್ನು ಲಿಯೊನೆಲ್ ಬಳಿಗೆ ಕಳಿಸಿದ. ಆ ಕಾರ್ಯದರ್ಶಿ ಆಮೇಲೆ ಬಣ್ಣ ಹಚ್ಚಿ ಹೇಳುತ್ತಿದ್ದ ಪ್ರಸಂಗ ಹೀಗಿದೆ: ಹಣ ಯಾವಾಗ ಬೇಕು ಎಂದು ಲಿಯೊನೆಲ್ ಕೇಳಿದ, ನಾಳೆ ಎಂದ ಈತ. ಲಿಯೊನೆಲ್ ಒಂದು ದ್ರಾಕ್ಷಿ ಬಾಯಿಗೆ ಹಾಕಿಕೊಂಡು, ಸಿಪ್ಪೆ ಉಗಿದು, ಹೊಣೆ ಏನು ಎಂದ. ಬ್ರಿಟಿಷ್ ಸರ್ಕಾರ ಎಂದ ಈತ. ಸರಿ, ಸಿಗುತ್ತದೆ ಎಂದ ಲಿಯೊನೆಲ್. ದ್ರಾಕ್ಷಿಯ ಮಾತು ಎಷ್ಟು ನಿಜವೋ, ಹಣ ಬಂದದ್ದಂತೂ ನಿಜ, ಬ್ಯಾಂಕು ಎರಡೂವರೆ ಪರ್ಸೆಂಟ್ ಕಮಿಷನ್ ಹಿಡಿದುಕೊಂಡದ್ದೂ ನಿಜ. ಇಷ್ಟು ಮಾಡಿದವನಿಗೂ ಲಾರ್ಡ್ ಪಟ್ಟ ಬರಲಿಲ್ಲ. 1879ರಲ್ಲಿ ಆತ ಬರಿಯ ಲಿಯೊನೆಲ್ ಆಗಿಯೇ ತೀರಿಕೊಂಡ. ಕೊಂಡುಕೊಂಡರು ಎನ್ನುವ ನಿಮ್ಮ ಗುಂಪಿನವರಿಗೆ ಈ ಒಂದು ಸಂಗತಿ ಸಾಕು.

ಪಟ್ಟ ಬಂದದ್ದು ಮಗ ನ್ಯಾಟಿಗೆ, 1885ರ ಜೂನ್ 29ರಂದು, ಅದೇ ಗ್ಲಾಡ್‌ಸ್ಟನ್ ಶಿಫಾರಸಿನ ಮೇಲೆ, ಅದೇ ರಾಣಿಯ ಕೈಯಿಂದ. ನಡುವೆ ಏನು ಬದಲಾಗಿತ್ತು? ನ್ಯಾಟಿ ಇಪ್ಪತ್ತು ವರ್ಷ ಐಲ್ಸ್‌ಬರಿಯ ಸಂಸದನಾಗಿದ್ದ, ಕೇಂಬ್ರಿಜಿನಲ್ಲಿ ಯುವರಾಜನ ಗೆಳೆಯನಾಗಿದ್ದ, ಮನೆಯ ಹೆಣ್ಣುಮಗಳು ಹ್ಯಾನಾ 1878ರಲ್ಲೇ ಲಾರ್ಡ್ ರೋಸ್‌ಬರಿಯನ್ನು ಮದುವೆಯಾಗಿದ್ದಳು. ಹದಿನಾರು ವರ್ಷದಲ್ಲಿ ರಾಣಿಗೂ ವಯಸ್ಸಾಗಿತ್ತು, ರೂಢಿಯೂ ಆಗಿತ್ತು. 1890ರಲ್ಲಿ ಆಕೆಯೇ ವ್ಯಾಡೆಸ್‌ಡನ್ನಿನಲ್ಲಿದ್ದ ಫರ್ಡಿನಂಡ್ ರಾಥ್‌ಚೈಲ್ಡ್ ಮನೆಗೆ ಊಟಕ್ಕೆ ಹೋಗಿಬಂದಳು. 1885ರ ಜುಲೈ 9ರಂದು ನ್ಯಾಟಿ ಲಾರ್ಡ್ಸ್ ಸಭೆಯಲ್ಲಿ ಪ್ರಮಾಣ ಸ್ವೀಕರಿಸಿದ, ಮೂವತ್ತೈದು ವರ್ಷದ ಹಿಂದೆ ಅಪ್ಪ ಮಾಡಿದ ಹಾಗೆಯೇ ಹೀಬ್ರೂ ಗ್ರಂಥದ ಮೇಲೆ ಕೈಯಿಟ್ಟು, ತಲೆಗೆ ಟೋಪಿ ಧರಿಸಿ. ಈ ಸಲ ಯಾರೂ ಹೊರಗೆ ಹೋಗು ಎನ್ನಲಿಲ್ಲ. ಧರ್ಮ ಬಿಡದೆ ಆ ಸಭೆಯಲ್ಲಿ ಕೂತ ಮೊದಲ ಯೆಹೂದಿ ಆತ. ಡಿಸ್ರೇಲಿ ಅದಕ್ಕೂ ಮೊದಲೇ ಅರ್ಲ್ ಆಗಿದ್ದ ನಿಜ, ಆದರೆ ಆತನಿಗೆ ಚಿಕ್ಕಂದಿನಲ್ಲೇ ಕ್ರೈಸ್ತ ದೀಕ್ಷಾಸ್ನಾನವಾಗಿತ್ತು.

ಬಿರುದಿನ ಪೂರ್ತಿ ಹೆಸರು ‘ಬ್ಯಾರನ್ ರಾಥ್‌ಚೈಲ್ಡ್, ಹರ್ಟ್‌ಫರ್ಡ್ ಕೌಂಟಿಯ ಟ್ರಿಂಗ್’. ಬ್ರಿಟಿಷ್ ಲಾರ್ಡ್‌ಗಳಲ್ಲಿ ಬ್ಯಾರನ್ ಕೆಳಗಿನ ಮೆಟ್ಟಿಲು, ಅದರ ಮೇಲೆ ವೈಕೌಂಟ್, ಅರ್ಲ್, ಮಾರ್ಕ್ವೆಸ್, ಡ್ಯೂಕ್. ಬ್ಯಾರನ್ ಎಂಬುದು ಕಾಗದದಲ್ಲಿ, ಬಾಯಲ್ಲಿ ಕರೆಯುವುದು ಲಾರ್ಡ್ ರಾಥ್‌ಚೈಲ್ಡ್ ಎಂದು. ಆಸ್ಟ್ರಿಯದ ಬ್ಯಾರನ್ ಮನೆಮಂದಿಗೆಲ್ಲ ಬಡಿಸಿದ ಪಂಕ್ತಿಯಾದರೆ ಬ್ರಿಟನ್ನಿನದು ಒಂದೇ ಎಲೆ. ಒಮ್ಮೆಗೆ ಒಬ್ಬನೇ ಕೂರಬಹುದು, ಅವನು ಎದ್ದ ಮೇಲೆ ಇನ್ನೊಬ್ಬ. ಯಾರು ಆ ಇನ್ನೊಬ್ಬ ಎಂಬುದನ್ನು ಸನ್ನದಿನ ಒಂದು ಸಾಲು ನಿರ್ಧರಿಸುತ್ತದೆ: ಪಟ್ಟ ಪಡೆದವನ ಔರಸ ಗಂಡು ಸಂತತಿ. ಮಗಳಿಗಿಲ್ಲ, ಮಗಳ ಮಗನಿಗಿಲ್ಲ, ದತ್ತುಪುತ್ರನಿಗಿಲ್ಲ. ದತ್ತು ಎಂದಾಗ ನಮಗೆ ಮೈಸೂರು ನೆನಪಾಗುತ್ತದೆ. ಮುಮ್ಮಡಿ ಕೃಷ್ಣರಾಜ ಒಡೆಯರು ತೆಗೆದುಕೊಂಡ ದತ್ತನ್ನು ಅದೇ ಬ್ರಿಟಿಷರು ಒಪ್ಪಿ, 1881ರಲ್ಲಿ ಚಾಮರಾಜೇಂದ್ರರಿಗೆ ರಾಜ್ಯವನ್ನೇ ಮರಳಿಸಿದರು. ತಮ್ಮ ಲಾರ್ಡ್‌ಗಳ ಮನೆಯಲ್ಲಿ ಮಾತ್ರ ದತ್ತಿಗೆ ಜಾಗವಿಲ್ಲ. ಹೇಳಿಕೊಡುವವರ ಶಾಸ್ತ್ರ ಮನೆಯಲ್ಲೇ ಬೇರೆ!

ಇಂಥ ವಂಶಪಾರಂಪರ್ಯದ ಲಾರ್ಡ್ ಪಟ್ಟ ಒಬ್ಬ ಭಾರತೀಯರಿಗೂ ಸಿಕ್ಕಿತ್ತು, 1919ರಲ್ಲಿ, ಬಂಗಾಳದ ವಕೀಲ ಸತ್ಯೇಂದ್ರ ಪ್ರಸನ್ನ ಸಿನ್ಹಾ ಅವರಿಗೆ. ಮತ್ತೊಬ್ಬರಿಗೆ ಸಿಗಲಿಲ್ಲ.

ಬ್ಯಾಂಕಿನ ವಾರಸುದಾರಿಕೆಗೆ ಸನ್ನದಿಲ್ಲ. ಫ್ರಾಂಕ್‌ಫರ್ಟಿನ ಮೇಯರ್ ಆಮ್ಷೆಲ್ 1812ರಲ್ಲಿ ಸಾಯುವ ಮುಂಚೆ ಉಯಿಲು ಬರೆದಿಟ್ಟ, ವ್ಯಾಪಾರದಲ್ಲಿ ಹೆಣ್ಣುಮಕ್ಕಳಿಗೂ ಅಳಿಯಂದಿರಿಗೂ ಪಾಲಿಲ್ಲ, ಲೆಕ್ಕಪುಸ್ತಕ ನೋಡುವ ಹಕ್ಕೂ ಇಲ್ಲ ಎಂದು. ಅಲ್ಲಿಯವರೆಗೆ ರಾಣಿಯ ಸನ್ನದಿಗೂ ಮುದುಕನ ಉಯಿಲಿಗೂ ಒಂದೇ ಮನಸ್ಸು. ಆದರೆ ಗಂಡುಮಕ್ಕಳಲ್ಲಿ ಯಾರು ಗಲ್ಲಾಪೆಟ್ಟಿಗೆ ಮೇಲೆ ಕೂರಬೇಕೆಂಬುದನ್ನು ಮನೆಯವರೇ ನೋಡಿ ತೀರ್ಮಾನಿಸುತ್ತಿದ್ದರು, ಕೈ ಕುದುರಿದವನಿಗೆ ಕೊಡುತ್ತಿದ್ದರು. ಬಿರುದು ಹಾಗಲ್ಲ. ಹಿರಿಮಗ ಹೇಗೇ ಇರಲಿ, ಅದು ಅವನ ಹಿಂದೆಯೇ ಹೋಗುತ್ತದೆ. ಎರಡೂ ಒಬ್ಬನಲ್ಲೇ ಬಹುಕಾಲ ಸೇರಿ ನಿಂತದ್ದು ನ್ಯಾಟಿಯ ಮೂವತ್ತು ವರ್ಷಗಳಲ್ಲಿ ಮಾತ್ರ.

ಆ ಮೂವತ್ತು ವರ್ಷದ ನ್ಯಾಟಿ ಸಣ್ಣ ಆಸಾಮಿಯಲ್ಲ. ಆತ ಲಾರ್ಡ್ ಆದ ಅದೇ ವಾರದಲ್ಲಿ ಬೇರಿಂಗ್ ಬ್ಯಾಂಕಿನ ಎಡ್ವರ್ಡ್ ಬೇರಿಂಗ್ ಲಾರ್ಡ್ ರೆವೆಲ್‌ಸ್ಟೋಕ್ ಆಗಿದ್ದ. ಐದೇ ವರ್ಷದಲ್ಲಿ, 1890ರ ನವೆಂಬರಿನಲ್ಲಿ, ಅರ್ಜೆಂಟೀನಾಕ್ಕೆ ಕೊಟ್ಟ ಸಾಲಗಳಿಂದ ಬೇರಿಂಗ್ ಬ್ಯಾಂಕು ಕುಸಿಯುವ ಹಂತಕ್ಕೆ ಬಂದಾಗ ಬ್ಯಾಂಕ್ ಆಫ್ ಇಂಗ್ಲೆಂಡ್ ಕಟ್ಟಿದ ಜಾಮೀನು ನಿಧಿಗೆ ನ್ಯಾಟಿಯೂ ಕೈಜೋಡಿಸಿದ, ಪ್ರತಿಸ್ಪರ್ಧಿ ಮುಳುಗಿದರೆ ಅಲೆ ತನ್ನ ಹಡಗಿಗೂ ಬಡಿಯುತ್ತದೆಂದು ಗೊತ್ತಿದ್ದವನು. ರೆವೆಲ್‌ಸ್ಟೋಕ್‌ನ ಹಣ ಹೋಯಿತು, ಬಿರುದು ಉಳಿಯಿತು. 1909ರಲ್ಲಿ ಹಣಕಾಸು ಮಂತ್ರಿ ಲಾಯ್ಡ್ ಜಾರ್ಜ್ ಶ್ರೀಮಂತರ ಮೇಲೆ ತೆರಿಗೆ ಏರಿಸಿದಾಗ ನ್ಯಾಟಿ ಸಿಡಿದೆದ್ದ. ಸುಧಾರಣೆಯ ದಾರಿಗಳಲ್ಲೆಲ್ಲ ‘ಪ್ರವೇಶವಿಲ್ಲ, ನೆಥಾನಿಯಲ್ ರಾಥ್‌ಚೈಲ್ಡ್ ಅಪ್ಪಣೆ’ ಎಂದು ಬೋರ್ಡು ನೆಡಬೇಕೇ ಎಂದು ಲಾಯ್ಡ್ ಜಾರ್ಜ್ ಸಭೆಯಲ್ಲಿ ಹಂಗಿಸಿದ. 1914ರಲ್ಲಿ ಮಹಾಯುದ್ಧ ಶುರುವಾದಾಗ ಅದೇ ಲಾಯ್ಡ್ ಜಾರ್ಜ್ ಸಲಹೆಗೆ ಕರೆಸಿಕೊಂಡದ್ದು ಇದೇ ಮುದುಕನನ್ನು. 1915ರಲ್ಲಿ ನ್ಯಾಟಿ ತೀರಿಕೊಂಡ. ತನ್ನ ಕಾಗದಪತ್ರಗಳನ್ನು ಸುಟ್ಟುಬಿಡಿ ಎಂದು ಹೇಳಿಹೋಗಿದ್ದ, ಸುಟ್ಟರು. ನನ್ನಂಥವರ ಹೊಟ್ಟೆ ಇಂದಿಗೂ ಉರಿಯುವುದು ಅದಕ್ಕೆ.

ಎರಡನೆಯ ಲಾರ್ಡ್ ಹಿರಿಮಗ ವಾಲ್ಟರ್. ಆರಡಿ ಮೀರಿದ ಎತ್ತರ, ಅದಕ್ಕೆ ತಕ್ಕ ಗಾತ್ರ, ಮಾತಾಡಲು ಸಂಕೋಚ. ಏಳನೆಯ ವಯಸ್ಸಿನಲ್ಲೇ ಮ್ಯೂಸಿಯಂ ಮಾಡುತ್ತೇನೆ ಎಂದನಂತೆ, ಮಾಡಿಯೇ ಬಿಟ್ಟ. ಟ್ರಿಂಗ್‌ನಲ್ಲಿ 1892ರಲ್ಲಿ ಅದು ಸಾರ್ವಜನಿಕರಿಗೆ ತೆರೆಯಿತು. ಇಪ್ಪತ್ತು ಲಕ್ಷಕ್ಕೂ ಮೀರಿದ ಚಿಟ್ಟೆ ಪತಂಗಗಳು, ಸುಮಾರು ಮೂರು ಲಕ್ಷ ಹಕ್ಕಿಗಳ ಚರ್ಮ, ಎರಡು ಲಕ್ಷ ಮೊಟ್ಟೆ. ಝೀಬ್ರಾಗಳನ್ನು ಗಾಡಿಗೆ ಕಟ್ಟಿ ಬಕಿಂಗ್‌ಹ್ಯಾಮ್ ಅರಮನೆಯವರೆಗೆ ಓಡಿಸಿದ, ದೈತ್ಯ ಆಮೆಯ ಬೆನ್ನೇರಿ ಟೋಪಿ ಹಾಕಿಕೊಂಡು ಕೂತ ಫೋಟೊ ಇಂದಿಗೂ ಸಿಗುತ್ತದೆ. ಇಂಥವನು ಬ್ಯಾಂಕಿನ ಕುರ್ಚಿಯಲ್ಲಿ ಎಷ್ಟು ದಿನ ಕೂತಾನು? ಅಪ್ಪನ ಬಲವಂತಕ್ಕೆ ಹದಿನೆಂಟು ವರ್ಷ ಹೋಗಿಬಂದು 1908ರಲ್ಲಿ ಬಿಟ್ಟ. ನ್ಯಾಟಿ ತನ್ನ ಆಸ್ತಿಯ ಬಹುಪಾಲನ್ನೂ ಬ್ಯಾಂಕಿನ ಪಾಲನ್ನೂ ಕಿರಿಮಗ ಚಾರ್ಲ್ಸ್‌ಗೆ ಬರೆದ. ಆದರೆ ಬಿರುದನ್ನು ಬರೆದುಕೊಡುವ ಹಕ್ಕು ಯಾವ ಅಪ್ಪನಿಗೂ ಇಲ್ಲ. ವಾಲ್ಟರ್ ಲಾರ್ಡ್ ಆದ, ಬ್ಯಾಂಕಿಲ್ಲದ ಲಾರ್ಡ್.

ಆದರೂ ಆ ಹೆಸರಿಗಿದ್ದ ತೂಕ ನೋಡಿ. 1917ರ ನವೆಂಬರ್ 2ರಂದು ವಿದೇಶಾಂಗ ಮಂತ್ರಿ ಬಾಲ್ಫರ್, ಪ್ಯಾಲೆಸ್ಟೈನಿನಲ್ಲಿ ಯೆಹೂದಿಗಳಿಗೆ ರಾಷ್ಟ್ರೀಯ ನೆಲೆ ಕಲ್ಪಿಸಲು ಬ್ರಿಟನ್ ಬೆಂಬಲ ಕೊಡುತ್ತದೆ ಎಂದು ಬರೆದ ಆ ಪ್ರಸಿದ್ಧ ಕಾಗದ ಶುರುವಾಗುವುದೇ ‘ಪ್ರಿಯ ಲಾರ್ಡ್ ರಾಥ್‌ಚೈಲ್ಡ್’ ಎಂದು. ಅದು ಈ ಹಕ್ಕಿ ಚಿಟ್ಟೆಗಳ ವಾಲ್ಟರ್‌ಗೆ ಬರೆದದ್ದು, ಬ್ಯಾಂಕಿನ ಯಜಮಾನನಿಗಲ್ಲ. ಆತನ ಕೊನೆಗಾಲ ಚೆನ್ನಾಗಿರಲಿಲ್ಲ. ಹೆಂಗಸೊಬ್ಬಳು ಬೆದರಿಸಿ ವರ್ಷಗಟ್ಟಲೆ ಹಣ ಸುಲಿದಳು. 1932ರಲ್ಲಿ 2,80,000 ಹಕ್ಕಿಗಳ ಸಂಗ್ರಹವನ್ನು ನ್ಯೂಯಾರ್ಕಿನ ಮ್ಯೂಸಿಯಂಗೆ ಮಾರಿದ. ಆ ಸುಲಿಗೆಯ ಗುಟ್ಟು ಮನೆಯವರಿಗೆ ತಿಳಿದದ್ದು ಆತ ಸತ್ತ ಮೇಲೆ.

ಕಿರಿಯ ಚಾರ್ಲ್ಸ್ ಹಗಲು ಬ್ಯಾಂಕು ನೋಡಿಕೊಂಡು, ಬಿಡುವಿನಲ್ಲಿ ಚಿಗಟ ಹಿಡಿಯುತ್ತಿದ್ದ. ಹೌದು, ನಾಯಿ ಇಲಿಗಳ ಮೈಮೇಲಿನ ಚಿಗಟ. ಸುಮಾರು 500 ಬಗೆಯ ಚಿಗಟಗಳನ್ನು ವಿಜ್ಞಾನಕ್ಕೆ ಪರಿಚಯಿಸಿದವನು ಆತ. ಸೂಡಾನಿನಲ್ಲಿ ಹಿಡಿದ ಒಂದು ಇಲಿಚಿಗಟಕ್ಕೆ ಪಿರಮಿಡ್ ಕಟ್ಟಿಸಿದ ಕಿಯೋಪ್ಸ್ ರಾಜನ ನೆನಪಲ್ಲಿ ‘ಕಿಯೋಪಿಸ್’ ಎಂದು 1903ರಲ್ಲಿ ಹೆಸರಿಟ್ಟ. ಇದೇ ಚಿಗಟ ಇಲಿಯಿಂದ ಮನುಷ್ಯನಿಗೆ ಪ್ಲೇಗ್ ಹೊತ್ತು ತರುತ್ತದೆಂದು ಮುಂಬೈಯಲ್ಲಿ ಕೆಲಸ ಮಾಡಿದ ಪ್ಲೇಗ್ ಸಂಶೋಧನಾ ಆಯೋಗ ಕೆಲವೇ ವರ್ಷದಲ್ಲಿ ಖಚಿತಪಡಿಸಿತು. 1898ರಲ್ಲಿ ಬೆಂಗಳೂರಿನ ಪೇಟೆಯನ್ನು ಖಾಲಿ ಮಾಡಿಸಿದ್ದು, ಬಸವನಗುಡಿ ಮಲ್ಲೇಶ್ವರಗಳಿಗೆ ಜನ ಹೋಗಿ ನೆಲೆಸುವಂತೆ ಮಾಡಿದ್ದು, ಊರೂರಲ್ಲಿ ಪ್ಲೇಗಿನಮ್ಮನ ಗುಡಿ ಕಟ್ಟಿಸಿದ್ದು ಅದೇ ಪ್ಲೇಗ್. ಲಾರ್ಡ್ ಪಟ್ಟದ ಹೊಸ್ತಿಲಲ್ಲಿದ್ದವನೊಬ್ಬ ಹೆಸರಿಟ್ಟ ಹುಳುವಿನ ಗುರುತು ನಮ್ಮ ಊರಿನ ನಕ್ಷೆಯಲ್ಲೂ ಇದೆ ಎಂದು ಬಸವನಗುಡಿಯಲ್ಲಿ ನಡೆವಾಗ ಎಷ್ಟು ಜನಕ್ಕೆ ಹೊಳೆದೀತು?

ಹೊಸ್ತಿಲಲ್ಲಿದ್ದವನು ಎಂದೆ, ಏಕೆಂದರೆ ಚಾರ್ಲ್ಸ್ ಲಾರ್ಡ್ ಆಗಲೇ ಇಲ್ಲ. ಬಹುಕಾಲ ಕಾಯಿಲೆಯಿಂದ ನರಳಿ 1923ರಲ್ಲಿ ಜೀವ ಕಳೆದುಕೊಂಡ, ಅಣ್ಣ ವಾಲ್ಟರ್ ಇನ್ನೂ ಬದುಕಿದ್ದ. ವಾಲ್ಟರ್ ಮದುವೆಯಾಗಿರಲಿಲ್ಲ. 1937ರಲ್ಲಿ ಆತ ತೀರಿಕೊಂಡಾಗ ಪಟ್ಟ ಚಾರ್ಲ್ಸ್‌ನ ಒಬ್ಬನೇ ಮಗ ವಿಕ್ಟರ್‌ಗೆ ಬಂತು. ಅಪ್ಪ ಲಾರ್ಡ್ ಆಗದ ಕಾರಣ ಅಕ್ಕತಂಗಿಯರಿಗೆ ಲಾರ್ಡ್ ಮಕ್ಕಳಿಗಿರುವ ‘ಆನರಬಲ್’ ಎಂಬ ಮರ್ಯಾದೆ ತಾನಾಗಿ ಬರುವಂತಿರಲಿಲ್ಲ. ಆಮೇಲೆ ದೊರೆಯ ಪ್ರತ್ಯೇಕ ಆಜ್ಞೆಯಿಂದ ಕೊಟ್ಟರು. ಅವರಲ್ಲಿ ಮಿರಿಯಂ, ಅಪ್ಪನ ಚಿಗಟಗಳ ಕೆಲಸವನ್ನೇ ಮುಂದುವರಿಸಿ ರಾಯಲ್ ಸೊಸೈಟಿಯ ಫೆಲೋ ಆದಾಕೆ. ಇನ್ನೊಬ್ಬಳು ಪ್ಯಾನೊನಿಕಾ, ನ್ಯೂಯಾರ್ಕಿನ ಜಾಝ್ ಸಂಗೀತಗಾರರಿಗೆ ಆಶ್ರಯ ಕೊಟ್ಟ ‘ಜಾಝ್ ಬ್ಯಾರನೆಸ್’. ಆಕೆಯ ಬ್ಯಾರನೆಸ್ ತವರಿನದಲ್ಲ, ಗಂಡನ ಕಡೆಯದು. ಇದನ್ನು ಅನೇಕರು ತಪ್ಪಾಗಿ ಬರೆಯುತ್ತಾರೆ.

ಮೂರನೆಯ ಲಾರ್ಡ್ ವಿಕ್ಟರ್ ಕೇಂಬ್ರಿಜಿನ ಜೀವವಿಜ್ಞಾನಿ, ಯುದ್ಧಕಾಲದಲ್ಲಿ ಎಂ.ಐ.5 ಗೂಢಚರ ಸಂಸ್ಥೆಯಲ್ಲಿ ವಿಧ್ವಂಸಕ ಕೃತ್ಯ ತಡೆಯುವ ವಿಭಾಗದವನು. 1944ರಲ್ಲಿ ಸ್ಪೇನಿನಿಂದ ಬಂದ ಈರುಳ್ಳಿ ಪೆಟ್ಟಿಗೆಯೊಂದರಲ್ಲಿ ಜರ್ಮನರ ಬಾಂಬ್ ಸಿಕ್ಕಿತು. ಉಳಿದವರನ್ನೆಲ್ಲ ದೂರ ಕಳಿಸಿ ವಿಕ್ಟರ್ ಒಬ್ಬನೇ ಕೂತು ಬಿಚ್ಚಿದ. ಒಂದೊಂದು ತಿರುಪು ಸಡಿಲಿಸುವಾಗಲೂ ಈಗ ಇದು ಮಾಡುತ್ತಿದ್ದೇನೆ, ಈಗ ಇದು, ಎಂದು ಫೋನಿನಲ್ಲಿ ಹೇಳುತ್ತ ಹೋದ. ಸಿಡಿದರೆ ಎಲ್ಲಿ ತಪ್ಪಿತೆಂದು ಮುಂದಿನವನಿಗೆ ಗೊತ್ತಾಗಲಿ ಎಂದು. ಜಾರ್ಜ್ ಪದಕ ಬಂತು. ಲಾರ್ಡ್ಸ್ ಸಭೆಯಲ್ಲಿ ಕೂತದ್ದು ಲೇಬರ್ ಪಕ್ಷದ ಕಡೆ. ಆಮೇಲೆ ಶೆಲ್ ಕಂಪನಿಯ ಸಂಶೋಧನೆ, 1971ರಿಂದ ಪ್ರಧಾನಿ ಹೀತ್ ಅವರ ಚಿಂತಕರ ಚಾವಡಿ. ಬ್ಯಾಂಕಿನ ಅಧ್ಯಕ್ಷ ಕುರ್ಚಿಗೆ ಬಂದದ್ದು ಅರವತ್ತು ದಾಟಿದ ಮೇಲೆ, 1975ರಲ್ಲಿ. ಮರುವರ್ಷವೇ ಅದು ದಾಯಾದಿ ಎವೆಲಿನ್‌ಗೆ ಹೋಯಿತು.

ವಿಕ್ಟರ್ ಮಗ ಜೇಕಬ್‌ಗೂ ಎವೆಲಿನ್‌ಗೂ ಹೊಂದಲಿಲ್ಲ. ಬ್ಯಾಂಕನ್ನು ಬೆಳೆಸಬೇಕು, ಹೊರಗಿನ ಬಂಡವಾಳ ತರಬೇಕು ಎಂಬುದು ಜೇಕಬ್ ವಾದ. ಮನೆಯ ಹಿಡಿತ ತಪ್ಪಬಾರದು ಎಂಬುದು ಎವೆಲಿನ್ ವಾದ. 1980ರಲ್ಲಿ ಜೇಕಬ್ ಬ್ಯಾಂಕು ಬಿಟ್ಟು ಹೊರಬಂದು ತನ್ನದೇ ಹೂಡಿಕೆ ಸಂಸ್ಥೆ ಕಟ್ಟಿದ. 1990ರಲ್ಲಿ ವಿಕ್ಟರ್ ತೀರಿಕೊಂಡಾಗ ನಾಲ್ಕನೆಯ ಲಾರ್ಡ್ ಆದವನು ಬ್ಯಾಂಕು ಬಿಟ್ಟುಬಂದ ಈ ಜೇಕಬ್. ಬ್ಯಾಂಕು ನಡೆಸುತ್ತಿದ್ದ ಎವೆಲಿನ್‌ಗೆ ಇದ್ದದ್ದು ನೈಟ್ ಪದವಿಯ ‘ಸರ್’, ವಿಶ್ವೇಶ್ವರಯ್ಯನವರದ್ದರಂತೆ ಅವರೊಂದಿಗೇ ಮುಗಿಯುವಂಥದ್ದು. ಎವೆಲಿನ್ ನಿವೃತ್ತರಾದ ಮೇಲೆ ಲಂಡನ್ ಬ್ಯಾಂಕು ಪ್ಯಾರಿಸ್ ಕವಲಿನವರ ಕೈಗೆ ಹೋಗಿ ಎರಡೂ ಒಂದಾದವು.

2024ರ ಫೆಬ್ರವರಿಯಲ್ಲಿ ಜೇಕಬ್ ತೀರಿಕೊಂಡರು. ಅವರಿಗೆ ಮೂವರು ಹೆಣ್ಣುಮಕ್ಕಳಾದ ಮೇಲೆ ಹುಟ್ಟಿದವನು ಒಬ್ಬ ಮಗ. ಹಿರಿಮಗಳು ಹ್ಯಾನಾ ಲಂಡನ್ನಿನ ನ್ಯಾಷನಲ್ ಗ್ಯಾಲರಿಯ ಟ್ರಸ್ಟಿಗಳ ಅಧ್ಯಕ್ಷೆಯಾದ ಮೊದಲ ಮಹಿಳೆ. ಐದನೆಯ ಲಾರ್ಡ್ ರಾಥ್‌ಚೈಲ್ಡ್ ಆದದ್ದು ಕೊನೆಯವ, 1971ರಲ್ಲಿ ಹುಟ್ಟಿದ ನೆಥಾನಿಯಲ್. 1847ರಲ್ಲಿ ಆ್ಯಂಟನಿಗೆ ಬಂದ ಬ್ಯಾರೊನೆಟ್ಟೂ ಅದೇ ಎಲೆಯಲ್ಲಿ ಸೇರಿಕೊಂಡು ಬಂದಿದೆ, ಅದನ್ನು ಯಾರೂ ಎತ್ತಿ ಹೇಳುವುದಿಲ್ಲ. ಬ್ಯಾಂಕಿನ ಯಜಮಾನಿಕೆ ಮಾತ್ರ ಅವರದ್ದಲ್ಲ. ಲಾರ್ಡ್ಸ್ ಸಭೆಯ ಪೀಠವೂ ಪಟ್ಟದೊಂದಿಗೆ ಬರಲಿಲ್ಲ. 1999ರ ಕಾಯ್ದೆ 92 ಮಂದಿಯನ್ನು ಬಿಟ್ಟು ಉಳಿದ ಪಾರಂಪರಿಕ ಲಾರ್ಡ್‌ಗಳನ್ನೆಲ್ಲ ಆ ಸಭೆಯಿಂದ ಹೊರಗೆ ಕಳಿಸಿತ್ತು.

ಬಿರುದಿನಲ್ಲಿರುವ ಟ್ರಿಂಗ್ ಏನಾಯಿತೆಂದು ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ನ್ಯಾಟಿಯ ಬಂಗಲೆಯಲ್ಲಿ ಈಗ ಹುಡುಗ ಹುಡುಗಿಯರು ನೃತ್ಯ ನಾಟಕ ಕಲಿಯುವ ಶಾಲೆ ನಡೆಯುತ್ತದೆ. ವಾಲ್ಟರ್‌ನ ಮ್ಯೂಸಿಯಂ ಲಂಡನ್ನಿನ ನ್ಯಾಚುರಲ್ ಹಿಸ್ಟರಿ ಮ್ಯೂಸಿಯಮ್ಮಿನ ಶಾಖೆ. ಗಾಜಿನ ಕಪಾಟುಗಳಲ್ಲಿ ಆತನ ಪ್ರಾಣಿಗಳು ಅಲ್ಲೇ ಇವೆ, ಯಾರು ಬೇಕಾದರೂ ಹೋಗಿ ನೋಡಬಹುದು.